ತೊಳೆಯದೆ ತನ್ನಿ

ಹೋದ ತಿಂಗಳು ಧಾರವಾಡದ ಮಾಳಮಡ್ಡಿಯಿಂದ ಒಬ್ಬರು ಅಕ್ಕಾರು ಹಳೇ ಸಾಮಾನಿಗೆ ಬೆಲೆ ಕಟ್ಟುವ ನಮ್ಮ ಹುಬ್ಬಳ್ಳಿಯ ಅಂಗಡಿಗೆ ಬಂದರು. ಟವೆಲ್ಲಿನಲ್ಲಿ ಸುತ್ತಿದ್ದ ಬಿಳಿ ಗಾಜಿನ ಕೋಳಿ ತೆಗೆದು ಮೇಜಿನ ಮೇಲಿಟ್ಟರು. ಗೂಡೇ ಡಬ್ಬಿ, ಅದರ ಮೇಲೆ ಕೂತ ಕೋಳಿಯೇ ಮುಚ್ಚಳ. "ನೋಡ್ರಿ, ಹೆಂಗ ಹೊಳೀಲಿಕ್ಕತ್ತದ! ರಾತ್ರಿ ಹುಣಸಿಹಣ್ಣಿನ ನೀರಾಗ ನೆನಸಿಟ್ಟು, ಮುಂಜಾನೆ ತಂತಿ ಜುಂಗಿನಿಂದ ತಿಕ್ಕೀನಿ" ಅಂದರು. ನಾನು ಮಾತಾಡಲಿಲ್ಲ. ತೊಳೆಯುವ ಮೊದಲು ಫೋಟೋ ತೆಗೆದಿದ್ದೀರಾ ಅಂತ ಕೇಳಿದೆ. ತೆಗೆದಿದ್ದರು. ಫೋಟೋದಲ್ಲಿ ಕೋಳಿಯ ಜುಟ್ಟು ಕೆಂಪಗಿತ್ತು, ತಳದಲ್ಲಿ ಒಂದು ಹಳೇ ಕಾಗದದ ಚೀಟಿ ಇತ್ತು. ನನ್ನ ಮುಂದಿದ್ದ ಕೋಳಿಯಲ್ಲಿ ಎರಡೂ ಇರಲಿಲ್ಲ.

ಇದು ಒಬ್ಬರ ತಪ್ಪಲ್ಲ. ನಮ್ಮ ಕಡೆ ಮನೆಯ ಸಾಮಾನನ್ನು ಧೂಳು ಹಿಡಿದಂತೆಯೇ ಇನ್ನೊಬ್ಬರಿಗೆ ತೋರಿಸೋದು ಅವಮಾನ. ಹಿತ್ತಾಳೆ ತಂಬಿಗೆಗೆ ಹುಣಸೆಹಣ್ಣು, ಬೂದಿ ಸರಿಯೇ. ಅದೇ ಅಭ್ಯಾಸ ಗಾಜಿಗೂ ಬರುತ್ತದೆ. ಹಳೇ ವಾಡೆ ಕೆಡವಿ ಅಪಾರ್ಟ್‌ಮೆಂಟ್ ಕಟ್ಟುವಾಗ ಅಟ್ಟದಿಂದ ಇಳಿದ ಹಾಲುಗಾಜು, ಅಂದರೆ ಆ ಕೋಳಿಯಂಥ ಹಾಲುಬಿಳುಪಿನ ಗಾಜು, ನನ್ನ ಹತ್ತಿರ ಬರುವ ಹೊತ್ತಿಗೆ ಸ್ನಾನ ಮಾಡಿಕೊಂಡೇ ಬಂದಿರುತ್ತದೆ.

ಪಿಂಗಾಣಿಯೋ ಗಾಜೋ ಅನ್ನೋದು ಕಷ್ಟದ ವಿಷಯವಲ್ಲ. ಅಂಚು ಚೂರು ಹೋದ ಕಡೆ ನೋಡಿ: ಗಾಜು ಚಿಪ್ಪಿನಂತೆ ನುಣುಪಾಗಿ ಒಡೆದಿರುತ್ತದೆ, ಪಿಂಗಾಣಿ ಒಳಗೆ ಸ್ವಲ್ಪ ಮಂಕಾಗಿ ಕಾಣುತ್ತದೆ. ತೆಳುವಾದ ಅಂಚನ್ನು ಬಿಸಿಲಿಗೆ ಹಿಡಿದರೆ ಕೆಲವು ಹಳೇ ಹಾಲುಗಾಜಿನಲ್ಲಿ ಕೆಂಪು, ಕಿತ್ತಳೆ ಛಾಯೆ ಕಾಣುತ್ತದೆ. ಚಂದ ಇರುತ್ತದೆ. ಆದರೆ ಅದೊಂದನ್ನೇ ನೋಡಿ ಹಳೆಯದು ಅಂತ ನಾನು ಹೇಳೋದಿಲ್ಲ.

ತಯಾರಿಸಿದ ಕಂಪನಿಯ ಹೆಸರಿನ ಗುರುತು ಇದ್ದರೆ ಸಾಕಲ್ವಾ ಅಂತ ಎಲ್ಲರೂ ಕೇಳುತ್ತಾರೆ. ಸಾಕಾಗೋದಿಲ್ಲ. ಅಮೆರಿಕದಲ್ಲಿರುವ ಮಕ್ಕಳು ತಂದುಕೊಟ್ಟದ್ದರಲ್ಲಿ ಹೆಚ್ಚಾಗಿ ಬರುವ ಎರಡು ಹೆಸರು ಫೆಂಟನ್ ಮತ್ತು ವೆಸ್ಟ್‌ಮೋರ್‌ಲ್ಯಾಂಡ್. ಫೆಂಟನ್ ಕಂಪನಿ ಗಾಜಿನಲ್ಲೇ ತನ್ನ ಗುರುತು ಒತ್ತಲು ಶುರು ಮಾಡಿದ್ದು 1970ರ ದಶಕದಲ್ಲಿ. ಅದಕ್ಕೂ ಮೊದಲು ಇದ್ದದ್ದು ಹೆಚ್ಚಾಗಿ ಕಾಗದದ ಚೀಟಿ. ಆ ಚೀಟಿ ಕಿತ್ತರೆ ಸಾಮಾನಿನ ಹೆಸರೇ ಹೋದಂತೆ. ವೆಸ್ಟ್‌ಮೋರ್‌ಲ್ಯಾಂಡ್ ಕಾರ್ಖಾನೆ 1984ರಲ್ಲಿ ಮುಚ್ಚಿತು. ಅದರ ಅಚ್ಚುಗಳು ಬೇರೆಯವರ ಕೈಗೆ ಹೋದವು. ಹೊಸಬರು ಅದೇ ಅಚ್ಚಿನಲ್ಲಿ ಒತ್ತಿದ ಕೆಲವು ಸಾಮಾನಿನ ಮೇಲೆ ಹಳೇ ಗುರುತು ಹಾಗೇ ಉಳಿದಿದೆ.

ಗುರುತು ದಾರಿ ತಪ್ಪಿಸಿದಾಗ ನನಗೆ ಉಳಿಯೋದು ತಳದ ಸವೆತ ಒಂದೇ. ಇದನ್ನು ನಿಧಾನವಾಗಿ ಹೇಳುತ್ತೇನೆ. ಐವತ್ತು ವರ್ಷ ಕಪಾಟಿನಲ್ಲಿ ಕೂತ ಡಬ್ಬಿಯನ್ನು ಯಾರೋ ಎತ್ತುತ್ತಾರೆ, ಇಡುತ್ತಾರೆ, ಸರಿಸುತ್ತಾರೆ. ತಳ ಹಲಗೆಗೆ ತಾಗುವ ಜಾಗದಲ್ಲಿ ಮಾತ್ರ ಸಣ್ಣ ಗೀರು ಬೀಳುತ್ತವೆ. ಒಂದು ಆಚೆ ಹೋದರೆ ಇನ್ನೊಂದು ಈಚೆ. ಕೆಲವು ಆಳ, ಕೆಲವು ತೆಳು. ಮರಳು ಕಾಗದದಿಂದ ಉಜ್ಜಿ ಹಳೆಯದು ಮಾಡಿದ ಸಾಮಾನಿನಲ್ಲಿ ಗೀರೆಲ್ಲ ಒಂದೇ ದಿಕ್ಕಿಗೆ, ಒಂದೇ ಆಳಕ್ಕೆ ಇರುತ್ತವೆ. ಈಗ ನೀವೇ ಹೇಳಿ, ತಂತಿ ಜುಂಗಿನಿಂದ ತಿಕ್ಕಿದರೆ ಗೀರು ಹೇಗೆ ಬೀಳುತ್ತದೆ? ಅದೇ ಥರ. ಅಜ್ಜಿಯ ಕಾಲದ ನಿಜವಾದ ಡಬ್ಬಿ ನನ್ನ ಭೂತಗನ್ನಡಿಯ ಕೆಳಗೆ ನಕಲಿಯಂತೆ ಕಾಣುತ್ತದೆ. ಆಗ ನಾನು ಎಷ್ಟು ಧೈರ್ಯದಿಂದ ಬೆಲೆ ಹೇಳಲಿ?

ಬಣ್ಣದ ವಿಷಯವೂ ಇದೆ. ಕುಲುಮೆಯಲ್ಲಿ ಸುಟ್ಟು ಕೂರಿಸಿದ ಬಣ್ಣ ಗಟ್ಟಿ. ಸುಡದೆ ಮೇಲೆ ಬಳಿದ ಬಣ್ಣ ಸೋಪಿನ ನೀರಿಗೂ ಏಳುತ್ತದೆ, ಕೋಳಿಯ ಕೆಂಪು ಜುಟ್ಟಿಗೆ ಆದದ್ದು ಅದೇ. ಚಿನ್ನದ ಗೆರೆಯೂ ತಿಕ್ಕಿದಷ್ಟು ತೆಳುವಾಗುತ್ತದೆ. ಹೋದ ಬಣ್ಣ ಮತ್ತೆ ಬಳಿಸಿದರೆ ಬೆಲೆ ಏರೋದಿಲ್ಲ, ಬಹಳ ಸಲ ಇಳಿಯುತ್ತದೆ. ಬಿಸಿನೀರಂತೂ ಬೇಡವೇ ಬೇಡ. ತಣ್ಣಗಿನ ಹಳೇ ಗಾಜು ಒಮ್ಮೆಲೇ ಸೀಳಬಹುದು.

ಬೆಲೆಯ ಬಗ್ಗೆ ಒಂದು ಮಾತು. 1950, 60ರ ದಶಕದ ಬಿಳಿ ಹಾಲುಗಾಜು ಅಚ್ಚಿನಲ್ಲಿ ರಾಶಿಗಟ್ಟಲೆ ಬಂದದ್ದು. ಅದರ ಬಹುಪಾಲು ಸಾಧಾರಣ ಬೆಲೆಗೇ ಹೋಗುತ್ತದೆ. ಹಾಗಾಗಿ ಚೀಟಿ, ಮೂಲ ಬಣ್ಣ, ಜೋಡಿ ಮುಚ್ಚಳ ಉಳಿದಿದ್ದರೆ ಮಾತ್ರ ಕೊಳ್ಳುವವರು ನಿಂತು ನೋಡುತ್ತಾರೆ. ಫೋಟೋ ನೋಡಿ ನಾನು ಅಂದಾಜು ಹೇಳಬಲ್ಲೆ, ಬೆಲೆ ಹೇಳಲಾರೆ.

ಎರಡು ವಾರದ ಹಿಂದೆ ಗದಗದಿಂದ ಒಬ್ಬ ಹಿರಿಯರು ಸೀಮೆಎಣ್ಣೆ ತೂಗುದೀಪದ ಬಿಳಿ ಶೇಡು ತಂದರು. ಪೇಪರ್ ಬಿಚ್ಚುವ ಮೊದಲೇ, "ತಪ್ಪು ತಿಳೀಬ್ಯಾಡ್ರಿ, ಮನ್ಯಾಗ ಯಾರಿಗೂ ತೊಳಿಯಾಕ ಆಗಲಿಲ್ಲ" ಅಂದರು. ಒಳಗೆ ಮಸಿ ಇತ್ತು. ಕೊರಳಲ್ಲಿ ಹಿತ್ತಾಳೆ ಬಳೆ ಕೂತಿದ್ದ ಜಾಗದಲ್ಲಿ ಹಸಿರು ಕಿಲುಬಿನ ಗೆರೆ. ದೀಪ ತಂದಿದ್ದೀರಾ ಅಂದೆ. ಆಟೋದಲ್ಲೇ ಇತ್ತು. ಒಳಗೆ ತರಿಸಿ ಕೂರಿಸಿದೆ. ಬಳೆ ಸರಿಯಾಗಿ ಆ ಹಸಿರು ಗೆರೆಯ ಮೇಲೇ ಬಂದು ನಿಂತಿತು. ಅದು ಅದೇ ದೀಪದ್ದೇ ಶೇಡು. ನನಗೆ ಆದ ಸಂತೋಷ ನೋಡಿ ಅವರಿಗೇ ಆಶ್ಚರ್ಯವಾಯಿತು. ಮಸಿ ಒರೆಸಲೇ ಅಂತ ಅಂಗಡಿಯ ಬಟ್ಟೆಗೆ ಕೈ ಹಾಕಿದರು. ನಾನು ಅವರ ಕೈ ಹಿಡಿದು ಕುರ್ಚಿಯಲ್ಲಿ ಕೂರಿಸಿದೆ.