ಮದುವೆ ವಿಡಿಯೋ ಬಿಟ್ಟು ಸಿನಿಮಾ ಎಡಿಟಿಂಗ್‌ಗೆ ಹೋಗುವುದು ಹೇಗೆ?

ಪ್ರಶ್ನೆ: ಕಲಬುರಗ್ಯಾಗ ನಾಲ್ಕು ವರ್ಷದಿಂದ ಮದುವಿ ವಿಡಿಯೋ ಎಡಿಟ್ ಮಾಡ್ಲಿಕತ್ತೀನ್ರಿ. ಸಿನಿಮಾ ಎಡಿಟರ್ ಆಗಬೇಕಂದ್ರ ಏನ್ ಮಾಡಬೇಕ್ರಿ? ಬೆಂಗಳೂರಿಗೇ ಹೋಗಬೇಕೇನ್ರಿ?

ಉತ್ತರ: ಒಂದಲ್ಲ ಒಂದು ದಿನ ಹೋಗಬೇಕಾಗುತ್ತದೆ. ಆದರೆ ಹೋದ ಕೂಡಲೇ ಕಟ್ ಮಾಡಲು ಯಾರೂ ಕೂರಿಸುವುದಿಲ್ಲ. ಮೊದಲು ಸಹಾಯಕ ಎಡಿಟರ್ ಆಗುತ್ತೀರಿ. ಸಹಾಯಕನ ಕೆಲಸ ಶೂಟ್ ಮಾಡಿದ ಫುಟೇಜ್ ಕಾಪಾಡುವುದು. ಮದುವೆ ಎಡಿಟಿಂಗ್ ಕಲಿಸದೇ ಬಿಡುವುದು ಇದನ್ನೇ, ಮತ್ತು ಇದನ್ನು ಕಲಬುರಗಿಯಲ್ಲಿ ಕೂತೇ ಕಲಿಯಬಹುದು.

ಸೆಕೆಂಡಿಗೆ 400 ಮೆಗಾಬಿಟ್ ದರದಲ್ಲಿ ತೆಗೆದರೆ ನಿಮಿಷಕ್ಕೆ 3 ಜಿಬಿ, ಗಂಟೆಗೆ 180 ಜಿಬಿ. ದಿನಕ್ಕೆ ಎರಡು ಗಂಟೆ ಫುಟೇಜ್ ಬಂದರೆ 360, ಎರಡು ಪ್ರತಿಗೆ 720. ಇಪ್ಪತ್ತು ದಿನದ ಶೂಟಿಂಗ್‌ಗೆ ಡಿಸ್ಕ್ ಎಷ್ಟು ಬೇಕೆಂದು ನಿರ್ಮಾಪಕರು ಕೇಳಿದರೆ 14.4 ಟಿಬಿ ಎಂದು ಅಲ್ಲೇ ಹೇಳಲು ಬರಬೇಕು. ಮೌಸ್‌ನಲ್ಲಿ ಎಳೆದು ಹಾಕಿದ ಪ್ರತಿಯನ್ನು ನಂಬಬೇಡಿ, ಅಲ್ಲಿ ತಾಳೆ ನೋಡುವ ಕೆಲಸ ನಡೆಯುವುದಿಲ್ಲ. ಚೆಕ್‌ಸಮ್ (ಫೈಲಿನ ಒಳಗಿನದರಿಂದ ಲೆಕ್ಕ ಹಾಕುವ ತಾಳೆ ಸಂಖ್ಯೆ) ನೋಡುವ ಸಾಫ್ಟ್‌ವೇರ್ ಬಳಸಿ; ಎರಡೂ ಪ್ರತಿ ತಾಳೆಯಾಗುವವರೆಗೆ ಕಾರ್ಡ್ ಫಾರ್ಮ್ಯಾಟ್ ಮಾಡಲು ಬಿಡಬೇಡಿ. ಕೇಬಲ್ ಸಡಿಲವಿದ್ದು ಫೈಲ್ ಹಾಳಾದರೆ ಗೊತ್ತಾಗುವುದು ಸೆಟ್ ಕಿತ್ತ ಮೇಲೆಯೇ. ಎರಡು ಡಿಸ್ಕ್ ಒಂದೇ ಬ್ಯಾಗಿನಲ್ಲಿದ್ದರೆ ಅದು ಒಂದೇ ಪ್ರತಿ ಇದ್ದಂತೆ. ಇನ್ನು ನಮ್ಮ ಕಡೆ ಮೇ ತಿಂಗಳಲ್ಲಿ 40 ಡಿಗ್ರಿ ದಾಟುತ್ತದೆ, ಕರೆಂಟೂ ಹೋಗುತ್ತದೆ: ಡಿಸ್ಕ್ ಕಾರಿನೊಳಗೆ ಬಿಡಬಾರದು, ಪ್ರತಿ ಮಾಡುವಾಗ ಯುಪಿಎಸ್ ಇರಲೇಬೇಕು.

ಬಿಡಬೇಕಾದ ಒಂದು ಅಭ್ಯಾಸವೂ ಇದೆ. ‘ಸಿ0012’ ಎಂದು ಕ್ಯಾಮೆರಾ ಕೊಟ್ಟ ಹೆಸರನ್ನು ‘ಅರಿಶಿಣ-1’ ಮಾಡುವುದು. ಸಿನಿಮಾದಲ್ಲಿ ಹಗುರವಾದ ಪ್ರಾಕ್ಸಿ ಫೈಲ್ ಮೇಲೆ ಕಟ್ ಮಾಡಿ, ಕೊನೆಗೆ ಮೂಲ ಫೈಲ್‌ಗೆ ಜೋಡಿಸುತ್ತಾರೆ. ಆ ಜೋಡಣೆ ನಿಲ್ಲುವುದು ಫೈಲ್ ಹೆಸರು ಮತ್ತು ಟೈಮ್‌ಕೋಡ್ (ಫುಟೇಜ್ ಜೊತೆಗೇ ದಾಖಲಾಗುವ ಸಮಯದ ಗುರುತು) ಮೇಲೆ. ಒಂದು ಕಡೆ ಹೆಸರು ಬದಲಾದರೆ ಬಣ್ಣ ಹೊಂದಿಸುವ ಕಲರಿಸ್ಟ್ ಟೇಬಲ್ ಮೇಲೆ ಶಾಟ್‌ಗಳು ನಾಪತ್ತೆ. ರೆಡಿಮೇಡ್ ಟ್ರಾನ್ಸಿಷನ್, ಪ್ಲಗಿನ್‌ಗಳ ಕಥೆಯೂ ಅಷ್ಟೇ. ಎಕ್ಸ್‌ಎಂಎಲ್‌ನಲ್ಲಿ (ಕಟ್‌ಗಳ ಪಟ್ಟಿ ಸಾಗಿಸುವ ಫೈಲ್) ಬೇರೆ ಸಾಫ್ಟ್‌ವೇರ್‌ಗೆ ಹೋಗುವಾಗ ಬಹುತೇಕ ಉದುರಿಹೋಗುತ್ತವೆ.

ಫ್ರೇಮ್ ದರವನ್ನು, ಅಂದರೆ ಸೆಕೆಂಡಿಗೆ ಎಷ್ಟು ಚಿತ್ರ ಎಂಬುದನ್ನು, ಶೂಟಿಂಗ್‌ಗೆ ಮೊದಲೇ ಕ್ಯಾಮೆರಾದವರನ್ನೂ ಸೌಂಡ್‌ನವರನ್ನೂ ಕೇಳಿ ಬರೆದಿಡಿ. ಮದುವೆಯಲ್ಲಿ 25 ಅಥವಾ 50 ಇಟ್ಟರೆ ನಡೆಯುತ್ತದೆ, ಥಿಯೇಟರ್‌ಗೆ ಸಾಮಾನ್ಯವಾಗಿ 24. 24ರ ಚಿತ್ರವನ್ನು 23.976 ಎಂದು ಓದಿಸಿ ಧ್ವನಿಯನ್ನು ಹಾಗೇ ಬಿಟ್ಟರೆ ಗಂಟೆಗೆ 3.6 ಸೆಕೆಂಡ್ ಜಾರುತ್ತದೆ. ಕ್ಲ್ಯಾಪ್ ಹತ್ತಿರ ಎಲ್ಲಾ ಸರಿ ಕಾಣುತ್ತದೆ, ಶಾಟ್ ಉದ್ದವಾದಂತೆ ತುಟಿ ಒಂದು ಕಡೆ, ಮಾತು ಒಂದು ಕಡೆ.

ನಿರ್ಮಾಣದ ಕಡೆಗೂ ದಾರಿ ಇಲ್ಲಿಂದಲೇ. ಚಿತ್ರ ಲಾಕ್ ಆದ (ಇನ್ನು ಕಟ್ ಬದಲಿಸುವುದಿಲ್ಲ ಎಂದು ನಿಶ್ಚಯವಾದ) ಮೇಲೆ ಸೌಂಡ್, ಸಂಗೀತ, ಬಣ್ಣ, ಸಬ್‌ಟೈಟಲ್, ಸೆನ್ಸಾರ್ ಇವನ್ನೆಲ್ಲ ದಿನಾಂಕ ಹಾಕಿ ನಡೆಸುವವರು ಬೇಕು. ಲಾಕ್ ಆದ ಮೇಲೆ ನಿರ್ದೇಶಕರು ಬರೀ ಹತ್ತು ಫ್ರೇಮ್ ಕಿತ್ತರೂ ಅಲ್ಲಿಂದ ಮುಂದಿನದೆಲ್ಲ ಹತ್ತು ಫ್ರೇಮ್ ಸರಿಯುತ್ತದೆ. ಯಾವ ರೀಲ್, ಯಾವ ಟೈಮ್‌ಕೋಡ್ ಎಂದು ಬದಲಾವಣೆ ಪಟ್ಟಿ ಎಲ್ಲರಿಗೂ ಕಳಿಸುವ ಮನುಷ್ಯ ನಿರ್ಮಾಪಕರಿಗೆ ಬೇಗ ಬೇಕಾದವನಾಗುತ್ತಾನೆ. ಸಂಬಳ ಮಾತ್ರ ಮೊದಲೇ ಬರೆಸಿಕೊಳ್ಳಿ: ಮುಂಗಡ, ಮೊದಲ ಕಟ್, ಲಾಕ್, ಕೊನೆಯ ಫೈಲ್ ಒಪ್ಪಿಸಿದಾಗ, ಹೀಗೆ ಕಂತಿನಲ್ಲಿ.

ಓದಿಯೇ ಕಲಿಯುವುದಾದರೆ ಪುಣೆಯ ಎಫ್‌ಟಿಐಐ (ಫಿಲ್ಮ್ ಅಂಡ್ ಟೆಲಿವಿಷನ್ ಇನ್‌ಸ್ಟಿಟ್ಯೂಟ್), ಕೋಲ್ಕತ್ತದ ಸತ್ಯಜಿತ್ ರೇ ಚಲನಚಿತ್ರ ಸಂಸ್ಥೆ ಎರಡರಲ್ಲೂ ಮೂರು ವರ್ಷದ ಎಡಿಟಿಂಗ್ ಕೋರ್ಸ್ ಇದೆ. ಪದವಿ ಬೇಕು, ಪ್ರವೇಶ ಪರೀಕ್ಷೆ ಇರುತ್ತದೆ. ನಮ್ಮೂರಿನ ಅನುಕೂಲ ನೋಡಿ: ಉದ್ಯಾನ್ ಎಕ್ಸ್‌ಪ್ರೆಸ್ ಆ ಕಡೆ ಪುಣೆಗೂ ಹೋಗುತ್ತದೆ, ಈ ಕಡೆ ಬೆಂಗಳೂರಿಗೂ. ಬೀದರ್‌ನವರಿಗೆ ಹೈದರಾಬಾದೇ ಹತ್ತಿರ.

ಎಲ್ಲಿಗೇ ಹೋದರೂ ಮದುವೆ ಹೈಲೈಟ್ಸ್ ತೋರಿಸಬೇಡಿ. ಖಾನಾವಳಿಯಲ್ಲಿ ಇಬ್ಬರು ರೊಟ್ಟಿ ತಿನ್ನುತ್ತಾ ಜಗಳವಾಡುವ ಮೂರು ನಿಮಿಷದ ದೃಶ್ಯ ತೆಗೆಯಿರಿ, ಮೂರು ಕೋನದಿಂದ, ಧ್ವನಿ ಬೇರೆ ರೆಕಾರ್ಡರ್‌ನಲ್ಲಿ. ಸಂಗೀತವಿಲ್ಲದೆ ಕಟ್ ಮಾಡಿ. ಒಂದು ಟೇಕ್‌ನಲ್ಲಿ ಅರ್ಧ ಇದ್ದ ರೊಟ್ಟಿ ಇನ್ನೊಂದರಲ್ಲಿ ಇಡೀ ಇರುತ್ತದೆ. ಮಾತು ಕೇಳುವವನ ಮುಖಕ್ಕೆ ಕಟ್ ಮಾಡಿ ಅದನ್ನು ಮರೆಸಿದ್ದೀರೋ ಇಲ್ಲವೋ ಎನ್ನುವುದನ್ನು ಎಡಿಟರ್ ಮೊದಲ ನಿಮಿಷದಲ್ಲೇ ನೋಡಿಬಿಡುತ್ತಾರೆ.