ಸ್ಟಾಪರ್‌ಗೆ ಕೈ ಯಾಕೆ ಬೇಕು? ಬುಲೆಂಟ್ ಕೋರ್ಕ್‌ಮಾಝ್ ಅವರ ಭುಜದ ಕಥೆ

ಹೋದ ತಿಂಗಳು ಕ್ಲಿನಿಕ್‌ಗೆ ಒಬ್ಬ ಹುಡುಗ ಬಂದ. 19 ವರ್ಷ. ಕಾಲೇಜು ಫುಟ್‌ಬಾಲ್ ತಂಡದ ಸ್ಟಾಪರ್, ಅಂದರೆ ಹಿಂದಿನ ಸಾಲಿನ ನಡುವೆ ನಿಂತು ಎದುರಾಳಿಯನ್ನು ತಡೆಯುವ ಡಿಫೆಂಡರ್. ಕಾರ್ನರ್ ಚೆಂಡಿಗೆ ಹಾರಿದ್ದಾನೆ, ಬೀಳುವಾಗ ಬಲಗೈ ಊರಿದ್ದಾನೆ, ಭುಜದ ಕೀಲು ಜಾರಿದೆ. ಆಸ್ಪತ್ರೆಯಲ್ಲಿ ಎಕ್ಸ್‌ರೇ ತೆಗೆದು, ಕೀಲು ಕೂರಿಸಿ, ಸ್ಲಿಂಗ್ ಹಾಕಿ ನನ್ನ ಹತ್ತಿರ ಫಿಸಿಯೋಥೆರಪಿಗೆ ಕಳಿಸಿದ್ದರು. ಕೂತವನೇ ಎಡಗೈಯಿಂದ ಫೋನ್ ತೆಗೆದು ಒಂದು ಹಳೆಯ ಫೋಟೊ ತೋರಿಸಿದ. ಭುಜಕ್ಕೆ ಬಿಳಿ ಪಟ್ಟಿ ಸುತ್ತಿಕೊಂಡ ಆಟಗಾರ.

"ಮೇಡಂ, ಇವ್ರು ಭುಜ ಜಾರಿದ್ರೂ ಫೈನಲ್ ಪೂರ್ತಿ ಆಡಿದ್ರಂತೆ. ನಂಗ್ಯಾಕೆ ಮೂರು ತಿಂಗಳು ರೆಸ್ಟು?"

ಆ ಫೋಟೊ ನನಗೆ ಚೆನ್ನಾಗಿ ಗೊತ್ತು. ಭುಜದ ಗಾಯದ ಬಗ್ಗೆ ಮಾತು ಬಂದಾಗ ಫುಟ್‌ಬಾಲ್ ಹುಡುಗರು ಒಮ್ಮೆಯಾದರೂ ಅದನ್ನು ಎತ್ತುತ್ತಾರೆ. ಅದು ಟರ್ಕಿಯ ಗಲಾತಸರಾಯ್ ಕ್ಲಬ್‌ನ ನಾಯಕ, ಸ್ಟಾಪರ್ ಬುಲೆಂಟ್ ಕೋರ್ಕ್‌ಮಾಝ್ ಅವರದ್ದು. 2000ದ ಮೇ 17, ಕೊಪೆನ್‌ಹೇಗನ್‌ನ ಪಾರ್ಕೆನ್ ಮೈದಾನ. ಯುರೋಪಿನ ಕ್ಲಬ್‌ಗಳ ಎರಡನೇ ದೊಡ್ಡ ಟೂರ್ನಿಯಾದ ಯುಇಎಫ್‌ಎ ಕಪ್‌ನ ಫೈನಲ್. ಇಸ್ತಾಂಬುಲ್‌ನ ಗಲಾತಸರಾಯ್ ಒಂದು ಕಡೆ, ಲಂಡನ್‌ನ ಆರ್ಸೆನಲ್ ಇನ್ನೊಂದು ಕಡೆ.

ಹುಡುಗನ ಪ್ರಶ್ನೆಗೆ ಐದು ನಿಮಿಷದಲ್ಲಿ ಉತ್ತರ ಕೊಡಲು ಆಗಲಿಲ್ಲ. ಅದಕ್ಕೇ ಈ ಅಂಕಣ.

ಬುಲೆಂಟ್ ಹುಟ್ಟಿದ್ದು 1968ರ ನವೆಂಬರ್ 24ರಂದು, ಮಲಾತ್ಯದಲ್ಲಿ. ಅದು ಟರ್ಕಿಯ ಪೂರ್ವ ಭಾಗದ ಊರು, ಏಪ್ರಿಕಾಟ್ ಹಣ್ಣಿಗೆ ಹೆಸರುವಾಸಿ. ಟರ್ಕಿ ಭಾಷೆಯಲ್ಲಿ 'ಕೋರ್ಕ್‌ಮಾಝ್' ಅಂದರೆ ಹೆದರದವನು. ಅದು ಅವರ ಮನೆತನದ ಹೆಸರು, ಯಾರೋ ಅಭಿಮಾನಿ ಇಟ್ಟ ಬಿರುದಲ್ಲ. ಅಭಿಮಾನಿಗಳು ಇಟ್ಟದ್ದು 'ಬುಯುಕ್ ಕಪ್ತಾನ್', ಅಂದರೆ ದೊಡ್ಡ ನಾಯಕ. ಗಲಾತಸರಾಯ್‌ನ ಕಿರಿಯರ ತಂಡದಲ್ಲಿ ಬೆಳೆದು 1987ರಲ್ಲಿ ಹಿರಿಯರ ತಂಡಕ್ಕೆ ಬಂದರು. 2005ರವರೆಗೆ ಆಡಿದರು. ನಡುವೆ ಬೇರೆ ಕ್ಲಬ್‌ಗೆ ಹೋಗಲೇ ಇಲ್ಲ. ತಮ್ಮ ಮೆರ್ಟ್ ಕೂಡ ಕೆಲವು ವರ್ಷ ಅದೇ ತಂಡದಲ್ಲಿ ಡಿಫೆಂಡರ್ ಆಗಿದ್ದರು. ಎಂಟು ಲೀಗ್ ಕಿರೀಟ, ದೇಶಕ್ಕಾಗಿ 102 ಪಂದ್ಯ. ಟರ್ಕಿಗೆ ನೂರು ಪಂದ್ಯ ದಾಟಿ ಆಡಿದವರು ಬೆರಳೆಣಿಕೆಯಷ್ಟು ಮಂದಿ.

ಈ ಲೆಕ್ಕವನ್ನೆಲ್ಲ ನಾನು ಹುಡುಗನಿಗೆ ಹೇಳಲಿಲ್ಲ. ನಾನು ಶುರು ಮಾಡಿದ್ದು ಐದು ಗೋಲಿನಿಂದ.

1999ರ ಅಕ್ಟೋಬರ್‌ನಲ್ಲಿ ಯುರೋಪಿನ ಅತಿ ದೊಡ್ಡ ಕ್ಲಬ್ ಟೂರ್ನಿಯಾದ ಚಾಂಪಿಯನ್ಸ್ ಲೀಗ್‌ನ ಪಂದ್ಯಕ್ಕೆ ಲಂಡನ್‌ನ ಚೆಲ್ಸಿ ತಂಡ ಇಸ್ತಾಂಬುಲ್‌ಗೆ ಬಂತು. ಗಲಾತಸರಾಯ್‌ನ ಹಳೆಯ ಅಂಗಳ ಅಲಿ ಸಾಮಿ ಯೆನ್ ಅಂದರೆ ಹೊರಗಿನ ತಂಡಗಳಿಗೆ ನಡುಕ. ಆವತ್ತು ಅಲ್ಲೇ ಗಲಾತಸರಾಯ್ 0-5ರಿಂದ ಸೋತಿತು. ಗುಂಪಿನಲ್ಲಿ ಮೂರನೇ ಸ್ಥಾನಕ್ಕೆ ಬಂದದ್ದರಿಂದ ಯುಇಎಫ್‌ಎ ಕಪ್‌ಗೆ ಇಳಿಯಬೇಕಾಯಿತು. ಅಲ್ಲಿ ಬೊಲೊನ್ಯ, ಡಾರ್ಟ್‌ಮಂಡ್, ಮಯೋರ್ಕ, ಲೀಡ್ಸ್ ತಂಡಗಳನ್ನು ದಾಟಿ ಫೈನಲ್‌ಗೆ ಬಂದರು. ಚೆಲ್ಸಿ ಪಂದ್ಯದಿಂದ ಏಳು ತಿಂಗಳು. ಫೈನಲ್‌ನಲ್ಲಿ ಎದುರಿಗೆ ಬೆರ್ಗ್‌ಕ್ಯಾಂಪ್, ಥಿಯರಿ ಹೆನ್ರಿ, ಓವರ್‌ಮಾರ್ಸ್. 120 ನಿಮಿಷದಲ್ಲಿ ಗಲಾತಸರಾಯ್ ಬಿಟ್ಟುಕೊಟ್ಟ ಗೋಲು ಸೊನ್ನೆ. ನನಗೆ ಆ ಕಪ್‌ಗಿಂತ ಈ ಏಳು ತಿಂಗಳೇ ಜಾಸ್ತಿ ಇಷ್ಟ. ಹಿಂದಿನ ಸಾಲಿನ ಆಟಗಾರರು ಐದು ಗೋಲು ಬಿಟ್ಟ ಮೇಲೆ ಮತ್ತೆ ಒಂದಾಗುವುದು ಸುಲಭವಲ್ಲ. ಒಬ್ಬನ ಮೇಲೆ ಒಬ್ಬನಿಗೆ ನಂಬಿಕೆ ಹೋಗಿಬಿಡುತ್ತದೆ. ಅದನ್ನು ಜೋಡಿಸುವ ಕೆಲಸ ನಾಯಕನದು.

ಈಗ ಭುಜಕ್ಕೆ ಬರೋಣ.

ನಮ್ಮ ಮೈಯಲ್ಲಿ ಅತಿ ಹೆಚ್ಚು ತಿರುಗುವ ಕೀಲು ಭುಜ. ಅಷ್ಟು ತಿರುಗಲು ಅದು ಕೊಟ್ಟ ಬೆಲೆ ಅಂದರೆ ಸಡಿಲತನ. ಸೊಂಟದ ಕೀಲಿನಲ್ಲಿ ಮೂಳೆಯ ಗುಂಡು ಆಳವಾದ ಗುಳಿಯಲ್ಲಿ ಕೂತಿರುತ್ತದೆ. ಭುಜದಲ್ಲಿ ಹಾಗಿಲ್ಲ. ಸಣ್ಣ ತಟ್ಟೆಯ ಮೇಲೆ ನಿಂಬೆಹಣ್ಣು ಇಟ್ಟಂತೆ. ತಟ್ಟೆಯ ಅಂಚಿಗೆ ಮೃದುವಾದ ಒಂದು ಬಳೆ ಇರುತ್ತದೆ, ಅದನ್ನು ಲೇಬ್ರಮ್ ಅನ್ನುತ್ತೇವೆ. ಸುತ್ತ ಒಂದು ಚೀಲ, ಅದರ ಮೇಲೆ ನಾಲ್ಕು ಸಣ್ಣ ಸ್ನಾಯುಗಳು. ಇವೆಲ್ಲ ಸೇರಿ ನಿಂಬೆಹಣ್ಣು ಉರುಳದಂತೆ ಹಿಡಿದಿರುತ್ತವೆ. ಕೈ ಮೇಲೆತ್ತಿ ಹೊರಕ್ಕೆ ತಿರುಗಿದ್ದಾಗ ಜೋರಾಗಿ ಪೆಟ್ಟು ಬಿದ್ದರೆ ಗುಂಡು ಮುಂದಕ್ಕೆ ಜಾರುತ್ತದೆ. ಜಾರುವಾಗ ಆ ಬಳೆಯನ್ನು ಹರಿದುಕೊಂಡೇ ಹೋಗುವುದು ಹೆಚ್ಚು. ಕೆಲವೊಮ್ಮೆ ಪಕ್ಕದ ನರಕ್ಕೂ ಎಳೆತ ಬೀಳುತ್ತದೆ. ಅದಕ್ಕೇ ನಾವು ಮೊದಲು ಭುಜದ ಹೊರಗಿನ ಚರ್ಮ ಮುಟ್ಟಿ, "ಇಲ್ಲಿ ಮುಟ್ಟಿದ್ದು ಗೊತ್ತಾಗ್ತಿದೆಯಾ?" ಅಂತ ಕೇಳುವುದು.

ಇದನ್ನು ಓದುವ ಕಬಡ್ಡಿ, ಫುಟ್‌ಬಾಲ್ ಹುಡುಗರಿಗೆ ಒಂದು ಮಾತು. ಮೈದಾನದಲ್ಲಿ ಯಾರ ಭುಜವಾದರೂ ಜಾರಿದರೆ ಗೆಳೆಯರು ಸೇರಿ ಕೈ ಎಳೆಯಬೇಡಿ. ಹಾಗೆ ಎಳೆದು, ಜೊತೆಗೆ ಮೂಳೆಯನ್ನೂ ಮುರಿದುಕೊಂಡು ಬಂದವರನ್ನು ನಾನು ನೋಡಿದ್ದೇನೆ. ಕೈ ಹೇಗಿದೆಯೋ ಹಾಗೇ ಎದೆಗೆ ಆತುಕೊಂಡು, ಟವೆಲ್ ಕಟ್ಟಿ, ಸೀದಾ ಆಸ್ಪತ್ರೆಗೆ ಹೋಗಿ.

ಕೊಪೆನ್‌ಹೇಗನ್‌ನಲ್ಲಿ ಬುಲೆಂಟ್ ಅವರ ಭುಜ ಹೀಗೇ ಜಾರಿತು. ಪಟ್ಟಿ ಸುತ್ತಿಸಿಕೊಂಡು ಮತ್ತೆ ಆಟಕ್ಕೆ ನಿಂತರು. ಹೆಚ್ಚುವರಿ ಸಮಯ ಶುರುವಾಗುತ್ತಿದ್ದಂತೆ ತಂಡದ ಮಾಂತ್ರಿಕ ಗೆಯೋರ್ಗೆ ಹಾಜಿ ರೆಡ್ ಕಾರ್ಡ್ ತಿಂದು ಹೊರಗೆ ಹೋದರು. ಉಳಿದದ್ದು ಹತ್ತು ಜನ. ಆಗಿನ ನಿಯಮ ಗೋಲ್ಡನ್ ಗೋಲ್, ಅಂದರೆ ಒಂದು ಗೋಲು ಬಿದ್ದರೆ ಅಲ್ಲಿಗೇ ಪಂದ್ಯ ಮುಗಿಯಿತು. ಅಂಥ ಹೊತ್ತಿನಲ್ಲಿ ಹಿಂದಿನ ಸಾಲಿನ ನಾಯಕನಿಗೆ ಒಂದೇ ಕೈ.

ಕಾಲಿನ ಆಟಕ್ಕೆ ಕೈ ಯಾಕೆ ಅಂತ ಕೇಳಬಹುದು, ಅಲ್ವಾ? ಡಿಫೆಂಡರ್‌ಗಳ ಜೊತೆ ಕೆಲಸ ಮಾಡುವ ತನಕ ನಾನೂ ಹಾಗೇ ಅಂದುಕೊಂಡಿದ್ದೆ. ಓಡುವಾಗ ಎಡಗಾಲಿನ ಜೊತೆ ಬಲಗೈ ಮುಂದೆ ಬರುತ್ತದೆ. ಅದು ಮೈ ಸುಮ್ನೆ ತಿರುಗದಂತೆ ತಡೆಯುವ ತೂಕ. ಒಂದು ಕೈ ಕಟ್ಟಿ ಜೋರಾಗಿ ಓಡಿ ನೋಡಿ, ನಾಲ್ಕು ಹೆಜ್ಜೆಗೇ ಸೊಂಟ ಆ ಕಡೆ ಈ ಕಡೆ ಎಳೆಯುತ್ತದೆ. ಹಾರುವಾಗಲೂ ಅಷ್ಟೇ. ನೆಗೆತದ ಎತ್ತರದಲ್ಲಿ ಸುಮಾರು ಹತ್ತನೇ ಒಂದು ಪಾಲು ಕೈ ಬೀಸಿದ್ದರಿಂದಲೇ ಬರುತ್ತದೆ. ಬೀಳುವಾಗ ಊರಲು ಕೈ ಬೇಕು, ಬಿದ್ದ ಮೇಲೆ ಬೇಗ ಏಳಲು ಕೈ ಬೇಕು.

ಇವೆಲ್ಲಕ್ಕಿಂತ ದೊಡ್ಡದು ಇನ್ನೊಂದಿದೆ. ಸ್ಟಾಪರ್‌ಗೆ ಕೈ ಅಂದರೆ ಬೆನ್ನಿಗಿರುವ ಕಣ್ಣು. ಚೆಂಡು ಗಾಳಿಯಲ್ಲಿದ್ದಾಗ ಅವನ ದೃಷ್ಟಿ ಚೆಂಡಿನ ಮೇಲೆ. ಫಾರ್ವರ್ಡ್ ಎಲ್ಲಿದ್ದಾನೆ ಅಂತ ಗೊತ್ತಾಗುವುದು ಮುಂಗೈಗೆ ತಾಗುವ ಅವನ ಬೆನ್ನಿನಿಂದ, ಸೊಂಟದಿಂದ. ಎಡಕ್ಕೆ ಸರಿದನೋ, ಹಿಂದಕ್ಕೆ ಒರಗಿದನೋ, ಹಾರಲು ಮೊಣಕಾಲು ಬಗ್ಗಿಸಿದನೋ, ಎಲ್ಲವೂ ಕೈಗೆ ತಿಳಿಯುತ್ತದೆ. ತಳ್ಳಿದರೆ ಫೌಲ್. ಸುಮ್ನೆ ತಾಗಿಸಿಟ್ಟರೆ ಅದು ಸುದ್ದಿ. ಆ ಕೈ ಕಟ್ಟಿಹೋದರೆ ಅರ್ಧ ಸುದ್ದಿ ಬರುವುದೇ ಇಲ್ಲ.

ಹಾಗಿದ್ದರೆ ಅವರು ಹೇಗೆ ಆಡಿದರು? ಬರೀ ಧೈರ್ಯ ಅಂದರೆ ನನಗೆ ಸಮಾಧಾನವಿಲ್ಲ. ಪಂದ್ಯದ ಕಾವಿನಲ್ಲಿ ಮೈ ನೋವನ್ನು ಸ್ವಲ್ಪ ಹೊತ್ತು ಮರೆಸುತ್ತದೆ, ಅದು ನಿಜ. ಆದರೆ ನೋವು ಮರೆತ ಮಾತ್ರಕ್ಕೆ ಕೈಯ ಕೆಲಸ ನಡೆಯುವುದಿಲ್ಲವಲ್ಲ. ಅದನ್ನು ತುಂಬಿಕೊಟ್ಟದ್ದು ಹದಿಮೂರು ವರ್ಷದ ಅಭ್ಯಾಸ ಅಂತ ನಾನು ನಂಬುತ್ತೇನೆ. ಕೈಯಿಂದ ತಿಳಿಯಲು ಆಗದವನು ಮೊದಲೇ ತಿಳಿದಿರಬೇಕು. ಚೆಂಡು ಒದೆಯುವವನ ಸೊಂಟ ಯಾವ ಕಡೆ ತಿರುಗಿದೆ ಅಂತ ನೋಡಿ ಎರಡು ಹೆಜ್ಜೆ ಮುಂಚೆ ಹೊರಡಬೇಕು. ಗುದ್ದಾಟಕ್ಕೆ ಅವಕಾಶವೇ ಆಗದ ಜಾಗದಲ್ಲಿ ನಿಂತಿರಬೇಕು. 31ನೇ ವಯಸ್ಸಿಗೆ ಅವರ ಹತ್ತಿರ ಆ ಓದು ಇತ್ತು. ಪಕ್ಕದಲ್ಲಿ ರೊಮೇನಿಯಾದ ಪೊಪೆಸ್ಕು ಇದ್ದರು, ಬಾರ್ಸಿಲೋನಾದಲ್ಲಿ ನಾಯಕನಾಗಿದ್ದವರು. ಹಿಂದೆ ಬ್ರೆಜಿಲ್‌ನ ಗೋಲ್‌ಕೀಪರ್ ತಫರೆಲ್. ಹೆಚ್ಚುವರಿ ಸಮಯದಲ್ಲಿ ಹೆನ್ರಿ ತಲೆಯಿಂದ ಹೊಡೆದ ಚೆಂಡನ್ನು ತಫರೆಲ್ ತಡೆದದ್ದನ್ನು ನಾನು ಎಷ್ಟು ಸಲ ನೋಡಿದ್ದೇನೋ.

ಪೆನಾಲ್ಟಿಯಲ್ಲಿ ಗಲಾತಸರಾಯ್ 4-1ರಿಂದ ಗೆದ್ದಿತು. ಆರ್ಸೆನಲ್‌ನ ಶುಕೆರ್ ಕಂಬಕ್ಕೆ ಹೊಡೆದರು, ವಿಯೆರಾ ಮೇಲಿನ ಅಡ್ಡಪಟ್ಟಿಗೆ. ಕೊನೆಯ ಒದೆತ ಪೊಪೆಸ್ಕು ಅವರದು. ಟರ್ಕಿಯ ಕ್ಲಬ್ ಒಂದು ಯುರೋಪಿನ ಕಪ್ ಗೆದ್ದದ್ದು ಅದೇ ಮೊದಲು. ಕೋಚ್ ಫಾತಿಹ್ ತೆರಿಮ್. ಅವರೂ ತಮ್ಮ ಕಾಲದಲ್ಲಿ ಇದೇ ಕ್ಲಬ್‌ನ ಡಿಫೆಂಡರ್ ಮತ್ತು ನಾಯಕ.

ಆವತ್ತು ಆ ಬೆಂಚಿನಲ್ಲಿ ಫಿಸಿಯೋ ಆಗಿ ನಾನು ಕೂತಿದ್ದರೆ ಅವರನ್ನು ಹೊರಗೆ ಕರೆಯುತ್ತಿದ್ದೆ. ಅದರಲ್ಲಿ ಅನುಮಾನವಿಲ್ಲ. ಅವರು ಬರುತ್ತಿರಲಿಲ್ಲ, ಅದರಲ್ಲೂ ಅನುಮಾನವಿಲ್ಲ. ಆ ರಾತ್ರಿಯ ಆಟವನ್ನು ನಾನು ತುಂಬಾ ಪ್ರೀತಿಯಿಂದ ನೋಡುತ್ತೇನೆ. ಆದರೆ ಹುಡುಗನಿಗೆ ಹೇಳಿದ್ದು ಬೇರೆ.

ಭುಜ ಒಮ್ಮೆ ಜಾರಿದರೆ ಮತ್ತೆ ಜಾರುವ ಸಾಧ್ಯತೆ ವಯಸ್ಸಿನ ಮೇಲೆ ನಿಂತಿದೆ. ಚಿಕ್ಕ ವಯಸ್ಸಾದಷ್ಟೂ ಅಪಾಯ ಜಾಸ್ತಿ. ಕೇಳಿದವರಿಗೆ ಇದು ತಿರುಗುಮುರುಗು ಅನಿಸುತ್ತದೆ. ಚಿಕ್ಕವರಿಗೆ ಬೇಗ ವಾಸಿಯಾಗಬೇಕಲ್ಲವಾ ಅಂತ ತಾಯಂದಿರು ಕೇಳುತ್ತಾರೆ. ಮೂಳೆ ಮುರಿದರೆ ಹೌದು. ಜಾರಿದ ಭುಜಕ್ಕೆ ಹಾಗಲ್ಲ. ಹದಿಹರೆಯದಲ್ಲಿ ಆ ಚೀಲ ಇನ್ನೂ ಹಿಗ್ಗುವ ಗುಣದ್ದು, ಜೊತೆಗೆ ಅಂಚಿನ ಬಳೆ ಹರಿದಿರುತ್ತದೆ. ಮುಂದೆ ಆಡುವ ವರ್ಷಗಳೂ ಹೆಚ್ಚು, ಬೀಳುವ ಸಲಗಳೂ ಹೆಚ್ಚು. 31ರ ಬುಲೆಂಟ್‌ಗಿಂತ 19ರ ಈ ಹುಡುಗನ ಭುಜಕ್ಕೇ ಮತ್ತೆ ಜಾರುವ ಭಯ ದೊಡ್ಡದು. ಎರಡು ಮೂರು ಸಲ ಜಾರಿದ ಮೇಲೆ ನಿದ್ದೆಯಲ್ಲಿ ಮಗ್ಗುಲು ಬದಲಿಸಿದರೂ ಜಾರುವ ಭುಜಗಳನ್ನು ನಾನು ನೋಡಿದ್ದೇನೆ. ಆಮೇಲೆ ಆಪರೇಷನ್ ಬಿಟ್ಟು ಬೇರೆ ದಾರಿ ಉಳಿಯುವುದು ಕಡಿಮೆ.

ಇನ್ನೊಂದು ವಿಷಯ. ಕೊಪೆನ್‌ಹೇಗನ್‌ನಲ್ಲಿ ಬುಲೆಂಟ್ ಅವರಿಗೆ ದಾಟಬೇಕಾಗಿದ್ದದ್ದು ಉಳಿದ ಕೆಲವು ನಿಮಿಷ. ಈ ಹುಡುಗ ಕೇಳುತ್ತಿರುವುದು ಇಡೀ ಸೀಸನ್.

ಆ ಫೋಟೊ ನೋಡುವವರು ಅದರ ಮುಂದಿನ ಐದು ವರ್ಷ ನೋಡುವುದಿಲ್ಲ, ನನಗೆ ಅದೇ ಬೇಜಾರು. ಬುಲೆಂಟ್ ಆಮೇಲೂ ಆಡಿದರು. 2000ದ ಆಗಸ್ಟ್‌ನಲ್ಲಿ ಗಲಾತಸರಾಯ್ ಮೊನಾಕೊದಲ್ಲಿ ರಿಯಲ್ ಮ್ಯಾಡ್ರಿಡ್ ತಂಡವನ್ನು 2-1ರಿಂದ ಸೋಲಿಸಿ, ಯುರೋಪಿನ ಆ ಎರಡು ಟೂರ್ನಿ ಗೆದ್ದವರ ನಡುವಿನ ಸೂಪರ್ ಕಪ್ ಗೆದ್ದಿತು. 2002ರಲ್ಲಿ ಟರ್ಕಿ ವಿಶ್ವಕಪ್‌ಗೆ ಹೋಯಿತು. 1954ರ ನಂತರ ಅದೇ ಮೊದಲು, 48 ವರ್ಷದ ಕಾಯುವಿಕೆ. ಬುಲೆಂಟ್‌ಗೆ ಆಗ 33. ಸೋಲ್‌ನಲ್ಲಿ ಚೀನಾ ವಿರುದ್ಧ ಗೆಲ್ಲಲೇಬೇಕಿದ್ದ ಪಂದ್ಯದಲ್ಲಿ 9ನೇ ನಿಮಿಷಕ್ಕೆ ಗೋಲು ಹೊಡೆದರು. ದೇಶಕ್ಕಾಗಿ ಅವರು ಹೊಡೆದ ಗೋಲುಗಳೇ ಬಹಳ ಕಡಿಮೆ, ಅದರಲ್ಲಿ ಒಂದು ಅಂಥ ದಿನ ಬಂತು. ಟರ್ಕಿ 3-0ಯಿಂದ ಗೆದ್ದಿತು. ಮುಂದೆ ಜಪಾನ್, ಸೆನೆಗಲ್ ದಾಟಿ ಸೆಮಿಫೈನಲ್‌ನಲ್ಲಿ ಬ್ರೆಜಿಲ್‌ಗೆ 0-1ರಿಂದ ಸೋತು, ದಕ್ಷಿಣ ಕೊರಿಯಾವನ್ನು 3-2ರಿಂದ ಸೋಲಿಸಿ ಮೂರನೇ ಸ್ಥಾನ ಪಡೆಯಿತು.

ಕೊನೆಯ ಸೀಸನ್ 2004-05. ಆಗ ಗಲಾತಸರಾಯ್‌ಗೆ ಕೋಚ್ ಆಗಿದ್ದವರು ಯಾರು ಗೊತ್ತಾ? ಹಾಜಿ. ಆ ಫೈನಲ್‌ನಲ್ಲಿ ತಂಡವನ್ನು ಹತ್ತು ಜನಕ್ಕೆ ಇಳಿಸಿ ಹೋದ ಅದೇ ಹಾಜಿ. ಆ ವರ್ಷ ಟರ್ಕಿಯ ಕಪ್ ಫೈನಲ್‌ನಲ್ಲಿ ಊರಿನ ಎದುರಾಳಿ ಫೆನರ್‌ಬಾಚೆ ತಂಡವನ್ನು 5-1ರಿಂದ ಸೋಲಿಸಿದರು.

ಕೋಚ್ ಆಗಿ ಬುಲೆಂಟ್ ಅವರ ದಾರಿ ಅಷ್ಟು ನೇರವಾಗಿರಲಿಲ್ಲ. 2007ರಲ್ಲಿ ಕೈಸೇರಿ ಎರ್ಜಿಯೆಸ್‌ಸ್ಪೋರ್ ಎಂಬ ಸಣ್ಣ ತಂಡವನ್ನು ಟರ್ಕಿಯ ಕಪ್ ಫೈನಲ್‌ವರೆಗೆ ಕರೆದುಕೊಂಡು ಹೋದರು, ಅದೇ ಸೀಸನ್‌ನಲ್ಲಿ ಆ ತಂಡ ಲೀಗ್‌ನಿಂದ ಕೆಳಗಿಳಿಯಿತು. 2009ರ ಫೆಬ್ರವರಿಯಲ್ಲಿ ಗಲಾತಸರಾಯ್ ಅವರನ್ನೇ ಕರೆಯಿತು. ಬಂದ ಕೂಡಲೇ ಫ್ರಾನ್ಸ್‌ನ ಬೋರ್ಡೊ ತಂಡವನ್ನು 4-3ರಿಂದ ಸೋಲಿಸಿದರು, ಸೀಸನ್ ಮುಗಿಯುವಾಗ ಹೊರಟರು. ಆಮೇಲೆ ಹಲವು ಊರು, ಹಲವು ತಂಡ. ಒಂದೇ ಕ್ಲಬ್‌ನಲ್ಲಿ 18 ವರ್ಷ ನಿಂತವರಿಗೆ ಹೀಗೆ ಊರೂರು ತಿರುಗುವುದು ಹೇಗನಿಸಿತೋ ಅಂತ ಯೋಚಿಸುತ್ತೇನೆ.

ಹುಡುಗ ಈಗ ಏಳನೇ ವಾರದಲ್ಲಿದ್ದಾನೆ. ಸ್ಲಿಂಗ್ ತೆಗೆದಾಗಿದೆ. ಮೊಣಕೈ ಪಕ್ಕೆಗೆ ಒತ್ತಿ ರಬ್ಬರ್ ಬ್ಯಾಂಡ್ ಎಳೆಯುವುದು, ಗೋಡೆಗೆ ಅಂಗೈ ಒತ್ತುವುದು, ಬೆನ್ನಿನ ಹಲಗೆ ಮೂಳೆ ಹಿಂದಕ್ಕೆ ಸೇರಿಸುವುದು, ಇಷ್ಟು ದಿನಾ ಮಾಡುತ್ತಾನೆ. ಕೈ ತಲೆಯ ಮೇಲೆ ಎತ್ತಿ ಹೊರಕ್ಕೆ ತಿರುಗಿಸಲು ಇನ್ನೂ ಬಿಟ್ಟಿಲ್ಲ. ಮೈಗೆ ಮೈ ತಾಗುವ ಆಟವಂತೂ ದೂರ.

ಆದರೆ ಮೈದಾನಕ್ಕೆ ಹೋಗಲು ಬಿಟ್ಟಿದ್ದೇನೆ, ವಾರಕ್ಕೆ ಎರಡು ದಿನ. ಬಲಗೈಯಲ್ಲಿ ಅವನದೇ ಜೆರ್ಸಿಯ ಅಂಚು ಹಿಡಿದುಕೊಳ್ಳಬೇಕು, ಬಿಡುವ ಹಾಗಿಲ್ಲ. ಓಟವಿಲ್ಲ, ಹಾರಾಟವಿಲ್ಲ, ಯಾರೂ ತಾಗುವುದಿಲ್ಲ. ಕೋಚ್ ದೂರದಿಂದ ಚೆಂಡು ಹಾಕುತ್ತಾರೆ. ಚೆಂಡು ಕಾಲಿನಿಂದ ಹೊರಡುವ ಮೊದಲೇ ಅದು ಎಲ್ಲಿ ಬೀಳುತ್ತದೆ ಅಂತ ಹೇಳಿ, ನಡೆದುಕೊಂಡು ಹೋಗಿ ಅಲ್ಲಿ ನಿಲ್ಲಬೇಕು. ಮೊದಲ ದಿನ ಹತ್ತಕ್ಕೆ ಮೂರು ಸರಿಯಾಯಿತು. ನಿನ್ನೆ ಆರು.

"ಮೇಡಂ, ಅವ್ರು ಆವತ್ತು ಹಿಂಗೇ ಮಾಡಿದ್ರಾ?" ಅಂತ ಕೇಳಿದ.

ಹತ್ತಕ್ಕೆ ಹತ್ತು ಬಂದ ದಿನ ಆ ಪಂದ್ಯದ ರೆಕಾರ್ಡಿಂಗ್ ಒಟ್ಟಿಗೇ ನೋಡೋಣ ಅಂದಿದ್ದೇನೆ.