ಕಿರುಚಿತ್ರದಿಂದ ಕಥಾಚಿತ್ರಕ್ಕೆ: ಛಾಯಾಗ್ರಾಹಕನ ದಾರಿ

ಮೈಸೂರಿನ ವಿ.ಕೆ. ಮೂರ್ತಿಯವರು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬೈಗೆ ಹೋದರೂ, ಹಿರಿಯರ ಕೈಕೆಳಗೆ ವರ್ಷಗಟ್ಟಲೆ ದುಡಿದ ಮೇಲೆಯೇ 1952ರ ‘ಜಾಲ್’ ಚಿತ್ರಕ್ಕೆ ಸ್ವತಂತ್ರ ಛಾಯಾಗ್ರಾಹಕರಾದರು. ಇಂದಿನ ಹುಡುಗರು ಆ ಸಹಾಯಕ ವೃತ್ತಿಯ ಹಂತವನ್ನೇ ಬಿಟ್ಟು, ನಾಲ್ಕಾರು ಕಿರುಚಿತ್ರಗಳ ಶೋರೀಲ್ (ತಮ್ಮ ಕೆಲಸದ ಆಯ್ದ ತುಣುಕುಗಳ ವಿಡಿಯೊ) ಹಿಡಿದು ನೇರವಾಗಿ ನಿರ್ಮಾಪಕರ ಮುಂದೆ ನಿಲ್ಲುತ್ತಾರೆ. ಇದರಲ್ಲಿ ತಪ್ಪೇನಿಲ್ಲ, ಆದರೆ ಕಿರುಚಿತ್ರ ಕಲಿಸದ ಒಂದು ವಿದ್ಯೆಯಿದೆ, ಅದು ಬೆಳಕಿನ ಸಾತತ್ಯ, ಅಂದರೆ ಬೇರೆ ಬೇರೆ ಹೊತ್ತಿನಲ್ಲಿ ತೆಗೆದ ಶಾಟ್‌ಗಳಲ್ಲೂ ಬೆಳಕು ಒಂದೇ ಎನಿಸುವಂತೆ ನೋಡಿಕೊಳ್ಳುವುದು.

ಹಳೆಯ ಮನೆಯೊಂದರ ಅಂಗಳದಲ್ಲಿ ಅಣ್ಣತಮ್ಮಂದಿರು ಮಾತನಾಡುವ, ಚಿತ್ರಕಥೆಯಲ್ಲಿ ನಾಲ್ಕು ಪುಟದ ದೃಶ್ಯವನ್ನು ಊಹಿಸಿಕೊಳ್ಳಿ. ತೆರೆಯ ಮೇಲೆ ಅದು ಐದು ನಿಮಿಷವಾದರೂ, ಚಿತ್ರೀಕರಣಕ್ಕೆ ಇಡೀ ಹಗಲು ಬೇಕು, ಮತ್ತು ಸೂರ್ಯ ಗಂಟೆಗೆ 15 ಡಿಗ್ರಿಯಂತೆ ಸರಿಯುತ್ತಲೇ ಇರುತ್ತಾನೆ. ಆದ್ದರಿಂದ ಅಂಗಳವೆಲ್ಲ ಕಾಣುವ ವೈಡ್ ಶಾಟ್‌ಗಳನ್ನು ಬೆಳಗಿನ ಓರೆ ಬಿಸಿಲಿನಲ್ಲೇ ಮುಗಿಸಿ, ನೆತ್ತಿಯ ಬಿಸಿಲು ಬಂದಾಗ ನಟರ ತಲೆಯ ಮೇಲೆ ಬಿಸಿಲನ್ನು ಮೆದುವಾಗಿಸುವ ಹನ್ನೆರಡಡಿಯ ಬಿಳಿ ಬಟ್ಟೆ, ಅಂದರೆ ಸಿಲ್ಕ್ ಕಟ್ಟಿ, ಬೆಳಗಿನ ಬಿಸಿಲು ಬಿದ್ದಿದ್ದ ಕಡೆಯಿಂದಲೇ ದೀಪ ಹಾಯಿಸಿ ಕ್ಲೋಸಪ್ ತೆಗೆಯಬೇಕಾಗುತ್ತದೆ. ಅಣ್ಣನ ಮುಖದ ಎಡಗೆನ್ನೆಗೂ ಬಲಗೆನ್ನೆಗೂ ಎಷ್ಟು ಸ್ಟಾಪ್ (ಬೆಳಕಿನ ಅಳತೆ; ಒಂದು ಸ್ಟಾಪ್ ಎಂದರೆ ಬೆಳಕು ಎರಡು ಪಟ್ಟು) ವ್ಯತ್ಯಾಸವಿತ್ತೆಂದು ಬೆಳಿಗ್ಗೆಯೇ ಬೆಳಕಿನ ಮೀಟರ್‌ನಲ್ಲಿ ಅಳೆದು ಬರೆದಿಟ್ಟುಕೊಂಡವನಿಗೆ ಮಾತ್ರ ಸಂಜೆ ಅದೇ ಬಿಸಿಲನ್ನು ಮರಳಿ ಕಟ್ಟಲು ಸಾಧ್ಯ. ಡಿಐನಲ್ಲಿ, ಅಂದರೆ ಚಿತ್ರೀಕರಣದ ಬಳಿಕ ಕಂಪ್ಯೂಟರಿನಲ್ಲಿ ಬಣ್ಣ ತಿದ್ದುವ ಹಂತದಲ್ಲಿ, ಸರಿಮಾಡೋಣ ಎನ್ನುವ ಮಾತು ಸೆಟ್ಟಿನಲ್ಲಿ ದಿನವೂ ಕೇಳಿಬರುತ್ತದೆ. ಬಣ್ಣ ಹೊಂದಿಸಬಹುದು, ಮೂಗಿನ ನೆರಳು ಬೀಳುವ ದಿಕ್ಕನ್ನು ಬದಲಿಸುವುದು ಸುಲಭವಲ್ಲ.

ಎರಡು ದಿನದಲ್ಲಿ ಮುಗಿಯುವ ಕಿರುಚಿತ್ರದಲ್ಲಿ ಈ ಲೆಕ್ಕ ತಲೆಯಲ್ಲೇ ನಿಲ್ಲುತ್ತದೆ. ಕಥಾಚಿತ್ರದಲ್ಲಾದರೋ ಅಂಗಳ ಒಂದು ಊರಿನಲ್ಲಿ, ಅದಕ್ಕೆ ಸೇರಿದ ಪಡಸಾಲೆ ತಿಂಗಳ ಬಳಿಕ ಬೆಂಗಳೂರಿನ ಸೆಟ್ಟಿನಲ್ಲಿ. ಆದುದರಿಂದ ಹೊಸಬರ ಶೋರೀಲ್ ನೋಡುವಾಗ ಡ್ರೋನ್ ಶಾಟ್‌ಗಳನ್ನು ನಾನು ನೋಡದೆ ಮುಂದಕ್ಕೆ ಓಡಿಸಿಬಿಡುತ್ತೇನೆ, ಅವು ಚೆಂದವಿದ್ದರೂ ಸರಿಯೇ. ತುಣುಕುಗಳಲ್ಲ, ಮೊದಲಿನಿಂದ ಕೊನೆಯವರೆಗೆ ಒಂದು ಪೂರ್ತಿ ದೃಶ್ಯ ತೋರಿಸಿ ಎಂದು ಕೇಳುತ್ತೇನೆ.

ಕ್ಯಾಮೆರಾ ಯಾವುದೆಂಬ ಚಿಂತೆ ಇಲ್ಲಿ ಗೌಣ. ನಮ್ಮ 50 ಹರ್ಟ್ಸ್ ವಿದ್ಯುತ್ತಿನ ಟ್ಯೂಬ್‌ಲೈಟ್ ಕೆಳಗೆ ಸೆಕೆಂಡಿಗೆ 24 ಫ್ರೇಮ್‌ನಂತೆ ತೆಗೆಯುವಾಗ ಶಟರ್ ಕೋನವನ್ನು 172.8 ಡಿಗ್ರಿಗೆ, ಅಂದರೆ ಪ್ರತಿ ಫ್ರೇಮಿಗೆ ಬೆಳಕು ಬೀಳುವ ಅವಧಿಯನ್ನು ಸೆಕೆಂಡಿನ ಐವತ್ತನೇ ಒಂದು ಭಾಗಕ್ಕೆ ಇಟ್ಟರೆ ಮಿನುಗು ಬರುವುದಿಲ್ಲ ಎಂಬಂಥ ವಿಷಯಗಳನ್ನು ಕಿರುಚಿತ್ರವೇ ಚೆನ್ನಾಗಿ ಕಲಿಸುತ್ತದೆ. ಉಳಿದದ್ದಕ್ಕೆ, ಹೆಸರು ಬರದಿದ್ದರೂ ಚಿಂತೆಯಿಲ್ಲ, ಒಂದು ಕಥಾಚಿತ್ರದಲ್ಲಿ ಮೊದಲ ದಿನದಿಂದ ಡಿಐ ಮುಗಿಯುವವರೆಗೆ ಸಹಾಯಕರಾಗಿರಿ ಎಂದೇ ನಾನು ಹೇಳುವುದು.